ಇಂಡೊನೇಷ್ಯಾದ ಹುಡುಗಿಯರ ಎರಡನೇ ಖಾತೆ

ಮಾನ್ಯ ಸಂಪಾದಕರೇ,

ಇಂಡೊನೇಷ್ಯಾದ ಹುಡುಗಿಯರಲ್ಲಿ ಅನೇಕರು ಇನ್‌ಸ್ಟಾಗ್ರಾಮ್‌ನಲ್ಲಿ ಎರಡು ಖಾತೆ ಇಟ್ಟುಕೊಳ್ಳುತ್ತಾರೆ. ಒಂದು ಚಿಕ್ಕಮ್ಮ, ಮೇಷ್ಟ್ರು, ಆಫೀಸಿನವರು ಎಲ್ಲ ನೋಡೋಕೆ. ಇನ್ನೊಂದಕ್ಕೆ ಬೀಗ, ಒಳಗೆ ಆಪ್ತ ಗೆಳತಿಯರು ಮಾತ್ರ. ಹೊಸದಾಗಿ ಹಿಜಾಬ್ ಹಾಕಲು ಶುರು ಮಾಡಿದವರು ತಲೆಗೂದಲು ಕಾಣುವ ಹಳೇ ಫೋಟೊಗಳನ್ನು ಅಳಿಸುವುದುಂಟು. ‘ನಿನ್ನ ಹತ್ರ ಇರೋದನ್ನೂ ತೆಗೆದುಬಿಡೇ’ ಎಂದು ಗೆಳತಿಗೂ ಹೇಳುವುದುಂಟು. ಇದನ್ನು ಸುಮ್ನೆ ನಾಟಕ ಅನ್ನುವವರಿದ್ದಾರೆ. ನನಗೆ ಹಾಗನ್ನಿಸುವುದಿಲ್ಲ. ಯಾರಿಗೆ ಎಷ್ಟು ತೋರಿಸಬೇಕು ಅನ್ನೋದು ಅವರಿಗೆ ಬಿಟ್ಟದ್ದು, ಅಲ್ವಾ?

ಖಾಸಗಿಯಾದದ್ದು ಹೊರಬಿದ್ದೀತು ಅನ್ನೋ ಭಯಕ್ಕೆ ಕಾರಣವೂ ಇದೆ. ಲೊಂಬೊಕ್ ದ್ವೀಪದ ಶಾಲೆಯೊಂದರಲ್ಲಿ ಕೆಲಸಕ್ಕಿದ್ದ ಬೈಕ್ ನುರಿಲ್ ಎಂಬ ಮಹಿಳೆ, ಮುಖ್ಯೋಪಾಧ್ಯಾಯರು ಫೋನಿನಲ್ಲಿ ಆಡಿದ ಅಶ್ಲೀಲ ಮಾತನ್ನು ರೆಕಾರ್ಡ್ ಮಾಡಿಕೊಂಡಿದ್ದರು. ಅದು ಬೇರೆಯವರ ಕೈಗೆ ಸಿಕ್ಕಿ ಹರಿದಾಡಿತು. 2018ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಆಕೆಗೇ 6 ತಿಂಗಳ ಜೈಲು, 50 ಕೋಟಿ ರೂಪಿಯಾ ದಂಡ ಹಾಕಿತು! ಜನ ದನಿ ಎತ್ತಿದ ಮೇಲೆ, 2019ರಲ್ಲಿ ಅಧ್ಯಕ್ಷ ಜೋಕೊ ವಿಡೊಡೊ ಕ್ಷಮಾದಾನ ಕೊಟ್ಟರು.

ಅಲ್ಲಿ 2022ರಲ್ಲಿ ಬಂದ ಲೈಂಗಿಕ ಹಿಂಸೆ ತಡೆ ಕಾನೂನಿನ ಪ್ರಕಾರ, ಒಪ್ಪಿಗೆ ಇಲ್ಲದೆ ಲೈಂಗಿಕ ಚಿತ್ರ ತೆಗೆಯುವುದು, ಹಂಚುವುದು ಅಪರಾಧ. ‘ನೀನ್ಯಾಕೆ ಅಂಥ ಫೋಟೊ ತೆಗೆಸಿಕೊಂಡೆ?’ ಎಂದು ಕೇಳುವ ನೆಂಟರಿಷ್ಟರು ಮಾತ್ರ ಆ ಕಾನೂನು ಓದಿದ ಹಾಗಿಲ್ಲ.

– ಓದುಗರು, ಶಿವಮೊಗ್ಗ