‘ಮತ್ತಿತರರು’ ಅಲ್ಲ, ಶಾರ್ಪ್ಯಾಂ

ಸಂಪಾದಕರಿಗೆ,

ಭಾನುವಾರದ ಪುರವಣಿಯಲ್ಲಿ ಹಳೆಯ ಫ್ರೆಂಚ್ ಸಿನಿಮಾಗಳ ಬಗ್ಗೆ ಬಂದ ಲೇಖನ ಖುಷಿಯಿಂದ ಓದಿದೆ. ದಕ್ಷಿಣ ಫ್ರಾನ್ಸಿನ ಮಾರ್ಸೇ ಬಂದರಿನ ಕತೆಯ ಮೂರು ಚಿತ್ರಗಳನ್ನು (‘ಮಾರಿಯುಸ್’ 1931, ‘ಫ್ಯಾನಿ’ 1932, ‘ಸೇಝಾರ್’ 1936) ಹೊಗಳುವಾಗ ನಟರಾದ ರೆಮ್ಯೂ, ಪಿಯೆರ್ ಫ್ರೆನೆ ಇಬ್ಬರ ಹೆಸರೂ ಬಂತು. ಅವರ ಜೊತೆ ನಟಿಸಿದ ಫೆರ್ನಾಂ ಶಾರ್ಪ್ಯಾಂ ಮಾತ್ರ ‘ಮತ್ತಿತರರು’ ಅನ್ನೋದರಲ್ಲಿ ಮುಳುಗಿಹೋದರು. ಅದಕ್ಕೇ ಈ ಪತ್ರ.

ಈ ಚಿತ್ರಗಳಲ್ಲಿ ಮಾರ್ಸೇಯ ಮಣ್ಣಿನ ವಾಸನೆ ಇದೆ ಎಂದಿದ್ದೀರಿ. ನಿಜ, ಆದರೆ ಅದು ಬಂದದ್ದೆಲ್ಲಿಂದ? ಮೊದಲ ಚಿತ್ರದ ಕತೆ ನಡೆಯುವ ಬಾರು ಪ್ಯಾರಿಸ್ ಪಕ್ಕದ ಸ್ಟುಡಿಯೊದಲ್ಲಿ ಹಾಕಿದ ಸೆಟ್. ತಯಾರಿಸಿದ್ದು ಅಮೆರಿಕದ ಪ್ಯಾರಾಮೌಂಟ್ ಕಂಪನಿ. ನಿರ್ದೇಶಕ ಕೊರ್ಡಾ ಹಂಗೇರಿಯವರು. ನಾಯಕ ಫ್ರೆನೆ ಪ್ಯಾರಿಸ್‌ನವರು, ದಕ್ಷಿಣದ ಮಾತಿನ ಧಾಟಿ ಕಲಿತು ಆಡಿದವರು. ನಾಯಕಿ ಹುಟ್ಟಿದ್ದು ಅಲ್ಜೀರಿಯಾದಲ್ಲಿ, ರೆಮ್ಯೂ ತುಲೋಂನಲ್ಲಿ. ಇವರ ನಡುವೆ ಮಾರ್ಸೇಯಲ್ಲೇ ಹುಟ್ಟಿದವರು ಶಾರ್ಪ್ಯಾಂ. ಚಿತ್ರಕ್ಕೆ ಮೂಲವಾದ ಪಾನ್ಯೋಲರ ನಾಟಕ 1929ರಲ್ಲಿ ರಂಗಕ್ಕೆ ಬಂದಾಗಲೂ ಹಾಯಿ ವ್ಯಾಪಾರಿ ಪನೀಸ್‌ನ ಪಾತ್ರ ಇವರದೇ.

ಪದದ ಕೊನೆಯ ‘ಎ’ಯನ್ನು ಪ್ಯಾರಿಸ್‌ನವರು ನುಂಗುತ್ತಾರೆ, ಮಾರ್ಸೇಯವರು ಬಿಡಿಸಿ ಹೇಳುತ್ತಾರೆ. ಮೂಕಿ ಚಿತ್ರದಲ್ಲಿ ಇದೆಲ್ಲಿ ಕೇಳಬೇಕು? ಆಗಷ್ಟೇ ಟಾಕಿ ಬಂದಿತ್ತು. ಶಾರ್ಪ್ಯಾಂ ಈ ಧಾಟಿಯನ್ನು ನಗಿಸಲಿಕ್ಕೆ ಅಂತ ಎಳೆಯುವುದಿಲ್ಲ. ಸುಮ್ನೆ ಮಾತಾಡುತ್ತಾರೆ, ನಗು ತಾನಾಗಿ ಬರುತ್ತದೆ.

ಇಸ್ಪೀಟಿನ ದೃಶ್ಯ ನೋಡಿ. ಫ್ರೆಂಚಿನಲ್ಲಿ ಹೃದಯಕ್ಕೂ ಆಟೀನ್ ಎಲೆಗೂ ಒಂದೇ ಪದ. ‘ನನ್ನ ಎದೆ ಒಡೀತಿದೆ’ ಅಂತ ಗೋಳಾಡುತ್ತಾ ಬಾರಿನ ಮಾಲೀಕ ಸೇಝಾರ್ (ರೆಮ್ಯೂ) ತನ್ನ ಜೊತೆಗಾರನಿಗೆ ‘ಆಟೀನ್ ಹಾಕು’ ಎಂದು ಸನ್ನೆ ಮಾಡುತ್ತಾನೆ. ಎಲ್ಲರೂ ಹೊಗಳುವುದು ರೆಮ್ಯೂ ಅವರ ಆ ಗೋಳಾಟವನ್ನು. ನಾನು ನೋಡುವುದು ಎದುರಾಳಿಯಾಗಿ ಕೂತ ಪನೀಸ್‌ನ ಮುಖ. ಮೋಸ ಗೊತ್ತಾದ ಮೇಲೆ ಎಲೆ ಎಸೆದು ಹೊರಟೇಬಿಡುತ್ತಾನಲ್ಲ, ಆ ಸಿಟ್ಟಿಲ್ಲದೆ ತಮಾಷೆ ಎಲ್ಲಿಂದ ಬರಬೇಕು? (ಸಬ್‌ಟೈಟಲ್ ನಂಬಿದವರಿಗೆ ಈ ಶ್ಲೇಷೆ ಅರ್ಧಂಬರ್ಧ ಸಿಗುತ್ತದೆ.)

ಅವರು ಬರೀ ಒಳ್ಳೆಯ ಮುದುಕನ ಪಾತ್ರಕ್ಕೆ ಅಂಟಿಕೊಂಡವರೂ ಅಲ್ಲ. ‘ಪೆಪೆ ಲೆ ಮೊಕೊ’ (1937) ಚಿತ್ರದಲ್ಲಿ ಪೊಲೀಸರಿಗೆ ಸುಳಿವು ಕೊಡುವ ರೆಜೀಸ್ ಇವರೇ. ಅಲ್ಲೂ ಇಸ್ಪೀಟು ಉಂಟು. ಅದೇ ದುಂಡು ಮುಖ, ಆದರೆ ಭಯಕ್ಕೆ ಬೆವರು ಕಿತ್ತುಕೊಂಡು ಬಂದಿದೆ. ರೆಜೀಸ್‌ಗೆ ಗುಂಡು ಬೀಳುವಾಗ ಯಂತ್ರದ ಪಿಯಾನೊ ತನ್ನಷ್ಟಕ್ಕೆ ಬಾರಿಸತೊಡಗುತ್ತದೆ.

1944ರಲ್ಲಿ ಶಾರ್ಪ್ಯಾಂ ತೀರಿಕೊಂಡರು. ಪನೀಸ್ ತೀರಿಕೊಳ್ಳುವುದು ‘ಸೇಝಾರ್’ ಚಿತ್ರದಲ್ಲಿ. ಆಮೇಲೆ ಗೆಳೆಯರು ಮತ್ತೆ ಇಸ್ಪೀಟಿಗೆ ಕೂರುತ್ತಾರೆ. ಅವನ ಕುರ್ಚಿ ಖಾಲಿ. ಆದರೂ ಅವನ ಪಾಲಿನ ಎಲೆ ಹಂಚುತ್ತಾರೆ.

ನಿಮ್ಮ ಹಳೆಯ ಓದುಗ,
ಶಿವಮೊಗ್ಗ