ನಿನ್ನ ಕೋಚ್‌ಗೆ ಫೋನ್ ಮಾಡಲ್ಲ ಕಣೇ

ಪುಟ್ಟಿ,

ಮೊನ್ನೆ ರಾತ್ರಿ ನೀನು ಫೋನ್ ಕುಕ್ಕಿದ್ದು ನೋಡಿ ನಿಮ್ಮಪ್ಪ, "ಅವಳಿಗೆ ಸಿಟ್ಟು ಬಂತು" ಅಂದರು. ಬರದೆ ಇರುತ್ತಾ? ಫುಟ್‌ಬಾಲ್ ಟೀಮಿನಿಂದ ಹೆಸರು ಬಿಟ್ಟಿದ್ದಾರೆ ಅಂತ ನೀನು ಅಳುತ್ತಾ ಹೇಳಿದರೆ, ಸುಮ್ನೆ ಕೇಳಿಸಿಕೊಳ್ಳೋದು ಬಿಟ್ಟು "ನಂಬರ್ ಕೊಡು, ನಿನ್ನ ಕೋಚ್ ಜೊತೆ ನಾನೇ ಮಾತಾಡ್ತೀನಿ" ಅಂದುಬಿಟ್ಟೆ. ಹತ್ತೊಂಬತ್ತು ವರ್ಷದವಳಿಗೆ ಹಾಗೆ ಹೇಳಬಾರದಿತ್ತು. ವಾಟ್ಸಾಪ್‌ನಲ್ಲಿ ಇಷ್ಟುದ್ದ ಬರೆದರೆ ನೀನು ಓದಲ್ಲ, ಅದಕ್ಕೇ ಈ ಕಾಗದ.

ನಿನ್ನ ರೂಮಿನ ಬಾಗಿಲ ಹಿಂದೆ ಆ ಅಮೆರಿಕದ ಫುಟ್‌ಬಾಲ್ ಆಟಗಾರ್ತಿ ಕಾರ್ಲಿ ಲಾಯ್ಡ್ ಫೋಟೊ ಇನ್ನೂ ಇದೆ. ಗೋಂದು ಬಿಟ್ಟು ಒಂದು ಮೂಲೆ ಸುರುಳಿ ಸುತ್ತಿಕೊಂಡಿದೆ. 2015ರ ಜುಲೈ 6, ಬೆಳಗಿನ ಜಾವ ನಾಲ್ಕೂವರೆ, ನೆನಪಿದೆಯಾ? ವ್ಯಾಂಕೂವರ್‌ನಲ್ಲಿ ಆಗಿನ್ನೂ ಭಾನುವಾರ ಸಂಜೆ ನಾಲ್ಕು ಗಂಟೆ. ವಿಶ್ವಕಪ್ ಫೈನಲ್, ಅಮೆರಿಕ ಮತ್ತು ಜಪಾನ್. ನೀನು ಕಂಬಳಿ ಹೊದ್ದುಕೊಂಡೇ ಬಂದು ಅಪ್ಪನ ಲ್ಯಾಪ್‌ಟಾಪ್ ಮುಂದೆ ಕೂತೆ. ನಾನು ಹಾಲು ಕಾಯಿಸಲು ಹೋದರೆ ನೀನು ಕಿರುಚಿದೆ, ಓಡಿ ಬಂದೆ, ಗೋಲು. ವಾಪಸ್ ಹೋದೆ, ಮತ್ತೆ ಕಿರುಚಿದೆ. 3ನೇ ನಿಮಿಷಕ್ಕೊಂದು, 5ನೇ ನಿಮಿಷಕ್ಕೊಂದು, ಎರಡೂ ಲಾಯ್ಡ್ ಹೊಡೆದದ್ದೇ. ಹಾಲು ಉಕ್ಕಿ ಒಲೆಯೆಲ್ಲಾ ಹರಿಯಿತು. 16ನೇ ನಿಮಿಷದ್ದನ್ನು ಮಾತ್ರ ನಾನೂ ಕಣ್ಣಾರೆ ನೋಡಿದೆ. ಮೈದಾನದ ನಡುಗೆರೆ ಹತ್ತಿರ ಚೆಂಡು ಸಿಕ್ಕಿತು, ಲಾಯ್ಡ್ ತಲೆ ಎತ್ತಿ ನೋಡಿದಳು, ಜಪಾನ್ ಗೋಲ್‌ಕೀಪರ್ ತುಂಬಾ ಮುಂದೆ ಬಂದಿದ್ದಳು, ಅಲ್ಲಿಂದಲೇ ಒದ್ದಳು. ಪಾಪ ಆ ಕೀಪರ್ ಹಿಂದಕ್ಕೆ ಓಡಿ, ತಡವರಿಸಿ, ಬೀಳುತ್ತಾ ಬೆರಳು ತಾಗಿಸಿದಳು. ಚೆಂಡು ಕಂಬಕ್ಕೆ ಬಡಿದು ಒಳಗೆ ಹೋಯಿತು. ಮಹಿಳೆಯರ ವಿಶ್ವಕಪ್ ಫೈನಲ್‌ನಲ್ಲಿ ಅದೇ ಮೊದಲ ಹ್ಯಾಟ್ರಿಕ್. "ಅಮ್ಮಾ, ಇವಳು ಮುಂದೆ ನಿಂತು ಗೋಲು ಹೊಡೆಯೋ ಫಾರ್ವರ್ಡ್ ಅಲ್ಲ, ನಡುವೆ ಆಡೋ ಮಿಡ್‌ಫೀಲ್ಡರ್!" ಅಂತ ನೀನು ಹತ್ತು ಸಲ ಹೇಳಿದೆ. ಅವತ್ತೇ ತಾನೆ ನೀನೂ ಮಿಡ್‌ಫೀಲ್ಡ್ ಆಡ್ತೀನಿ ಅಂತ ಹಟ ಹಿಡಿದದ್ದು.

ಆಮೇಲೆ ನಾನು ಅವಳ ಬಗ್ಗೆ ಸಿಕ್ಕಿದ್ದೆಲ್ಲಾ ಓದಿದೆ. ನಿನಗಿಂತ ಜಾಸ್ತಿ ಓದಿದ್ದೀನಿ, ಅದು ನಿನಗೆ ಗೊತ್ತಿಲ್ಲ.

ಅವಳನ್ನೂ ಟೀಮಿನಿಂದ ತೆಗೆದಿದ್ದರು. 2003ರಲ್ಲಿ, ಅಮೆರಿಕದ 21 ವರ್ಷದೊಳಗಿನವರ ತಂಡದಿಂದ. ಆಗ ನ್ಯೂಜೆರ್ಸಿಯ ರಟ್ಗರ್ಸ್ ಯೂನಿವರ್ಸಿಟಿಯಲ್ಲಿ ಓದುತ್ತಿದ್ದಳು. ಆಟವೇ ಬೇಡ ಅಂತ ಕೂತಿದ್ದವಳು ಜೇಮ್ಸ್ ಗಲಾನಿಸ್ ಅನ್ನೋ ಕೋಚ್ ಹತ್ತಿರ ಹೋದಳು. ಆತ ಬೆನ್ನು ತಟ್ಟಲಿಲ್ಲ. ಚೆಂಡು ನಿನ್ನ ಮಾತು ಕೇಳುತ್ತೆ, ಆಟ ನಿನಗೆ ಅರ್ಥವಾಗುತ್ತೆ, ಆದರೆ ಮೈಯಲ್ಲಿ ದಮ್ಮಿಲ್ಲ, ಮನಸ್ಸು ಗಟ್ಟಿಯಿಲ್ಲ, ತಪ್ಪನ್ನೆಲ್ಲ ಬೇರೆಯವರ ತಲೆಗೆ ಕಟ್ಟುತ್ತೀಯ ಅನ್ನೋ ಧಾಟಿಯಲ್ಲಿ ಮುಖಕ್ಕೇ ಹೇಳಿದ. ಆದರೆ ದುಡ್ಡು ಕೇಳದೆ ಕಲಿಸಿದ. 2005ರಲ್ಲಿ ಅವಳು ದೇಶದ ತಂಡಕ್ಕೆ ಬಂದಳು. 2008ರ ಬೀಜಿಂಗ್ ಒಲಿಂಪಿಕ್ಸ್ ಫೈನಲ್‌ನಲ್ಲಿ ಬ್ರೆಜಿಲ್ ವಿರುದ್ಧ ಬಂದ ಒಂದೇ ಒಂದು ಗೋಲು, ಅದೂ ಹೆಚ್ಚುವರಿ ಸಮಯದಲ್ಲಿ, ಇವಳದ್ದು.

ಅಲ್ಲಿಗೇ ಎಲ್ಲಾ ಸರಿಹೋಯಿತು ಅಂದುಕೊಳ್ಳಬೇಡ. 2011ರ ವಿಶ್ವಕಪ್ ಫೈನಲ್‌ನ ಪೆನಾಲ್ಟಿಯಲ್ಲಿ ಚೆಂಡನ್ನು ಗೋಲಿನ ಮೇಲಿಂದ ಆಚೆ ಒದ್ದಳು. ಅದೇ ಜಪಾನ್ ಗೆದ್ದಿತು. ಮರುವರ್ಷ ಲಂಡನ್ ಒಲಿಂಪಿಕ್ಸ್ ಶುರುವಾಗುವ ಹೊತ್ತಿಗೆ ಅವಳು ಬೆಂಚಿನಲ್ಲಿ. ಮೊದಲ ಮ್ಯಾಚ್‌ನಲ್ಲಿ ಇನ್ನೊಬ್ಬಳಿಗೆ ಪೆಟ್ಟಾಯಿತು ಅಂತ ಒಳಗೆ ಬಂದಳು, ಗೋಲು ಹೊಡೆದಳು, ಮತ್ತೆ ಆ ಜಾಗ ಬಿಟ್ಟುಕೊಡಲಿಲ್ಲ. ಫೈನಲ್‌ನಲ್ಲಿ, ವೆಂಬ್ಲಿ ಮೈದಾನದಲ್ಲಿ 80 ಸಾವಿರ ಜನರ ಮುಂದೆ ಜಪಾನನ್ನು 2-1ಕ್ಕೆ ಸೋಲಿಸಿದರು, ಎರಡು ಗೋಲೂ ಇವಳದ್ದೇ. 2021ರಲ್ಲಿ ಆಟ ನಿಲ್ಲಿಸುವಾಗ ದೇಶಕ್ಕೆ 316 ಪಂದ್ಯ, 134 ಗೋಲು.

ಇದೆಲ್ಲಾ ನಿನಗೆ ಬಾಯಿಪಾಠ. ನನಗೆ ಕಾಡಿದ್ದು ಬೇರೆ. ಅವಳಿಗೂ ಅಪ್ಪ ಅಮ್ಮನಿಗೂ ಹತ್ತಕ್ಕೂ ಹೆಚ್ಚು ವರ್ಷ ಮಾತೇ ಇರಲಿಲ್ಲ ಕಣೇ. ನಮ್ಮ ಹಾಲು ಉಕ್ಕಿದ ದಿನವೂ ಇರಲಿಲ್ಲ. 2020ರಲ್ಲಿ ಮತ್ತೆ ಒಂದಾದರು. ತಪ್ಪು ಯಾರದ್ದು ಅಂತ ಹೇಳಲು ನಾನ್ಯಾರು, ಅದು ಅವರ ಮನೆಯ ವಿಷಯ. ಆದರೆ ಅದನ್ನು ಓದಿದ ದಿನ ಆ ಅಮ್ಮ ಆ ಮೂರನೇ ಗೋಲನ್ನು ಎಲ್ಲಿ ಕೂತು ನೋಡಿರಬಹುದು ಅಂತ ಯೋಚಿಸುತ್ತಾ ಪಾತ್ರೆ ತೊಳೆದಿದ್ದೆ. ಮೊನ್ನೆ ನೀನು ಫೋನ್ ಇಟ್ಟಾಗ ಮತ್ತೆ ಅದೇ ನೆನಪಾಯಿತು.

ಅದಕ್ಕೇ ನಿನ್ನ ಕೋಚ್‌ಗೆ ಫೋನ್ ಮಾಡಲ್ಲ. ಯಾಕೆ ಬಿಟ್ಟರು ಅಂತ ಬೇಕಾದರೆ ನೀನೇ ಹೋಗಿ ಕೇಳು. ಬೇಡ ಅನ್ನಿಸಿದರೆ ಬಿಡು. ಭಾನುವಾರ ಫೋನ್ ಮಾಡುತ್ತೀನಿ, ನಾನಾಗಿ ಮ್ಯಾಚ್ ಸುದ್ದಿ ಎತ್ತಲ್ಲ. ಅಪ್ಪ ಎತ್ತಿದರೆ ನಾನು ಜವಾಬ್ದಾರಳಲ್ಲ.

ಇದರ ಜೊತೆ ರಾಗಿ ಹುರಿಹಿಟ್ಟು ಕಳಿಸಿದ್ದೀನಿ, ಬೆಳಿಗ್ಗೆ ಪ್ರಾಕ್ಟೀಸಿಗೆ ಹೋಗೋ ಮುಂಚೆ ಕಲಸಿಕೊಂಡು ಕುಡಿ. ಬರುವಾಗ ಡಬ್ಬಿ ತಗೊಂಡು ಬಾ, ಹೋದ ಸಲದ್ದೇ ಇನ್ನೂ ಬಂದಿಲ್ಲ.

ಅಮ್ಮ