ಮೇಯರ್ ಮೇಡಂಗೆ ಒಂದು ಪತ್ರ: ಪಂದ್ಯ ಮುಗಿದ ಮೇಲೂ ಬಸ್ಸು ಇರಲಿ

ಡೆಟ್ರಾಯಿಟ್ ಮೇಯರ್ ಮೇರಿ ಶೆಫೀಲ್ಡ್ ಅವರಿಗೆ,

ನಮಸ್ಕಾರ ಮೇಡಂ.

ಒಂದು ವಿಷಯ ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ನಾನು ನಿಮಗೆ ವೋಟು ಹಾಕಿದವನಲ್ಲ. ಹಾಕುವ ಹಕ್ಕೂ ನನಗಿಲ್ಲ. ಮನೆ ಇರುವುದು ಫಾರ್ಮಿಂಗ್ಟನ್ ಹಿಲ್ಸ್‌ನಲ್ಲಿ, ಕೆಲಸ ಮಾತ್ರ ನಿಮ್ಮ ಊರಲ್ಲಿ. ಹೊರಗಿನಿಂದ ಬಂದು ದುಡಿಯುವವರ ಸಂಬಳದಲ್ಲಿ ಡೆಟ್ರಾಯಿಟ್ ಶೇ. 1.2ರಷ್ಟು ತೆರಿಗೆ ಮುರಿದುಕೊಳ್ಳುತ್ತದಲ್ಲ, ಆ ಸಲುಗೆಯಿಂದ ಎರಡು ಮಾತು ಆಡುತ್ತಿದ್ದೇನೆ. ಫುಟ್‌ಬಾಲ್ ಪಂದ್ಯದ ದಿನ ಬಸ್ಸು ಬಿಡಿ ಅನ್ನುವ ಬೇಡಿಕೆಯನ್ನಷ್ಟೇ ಇಂಗ್ಲಿಷಿನಲ್ಲಿ ಒಂದು ಪುಟಕ್ಕೆ ಇಳಿಸಿ ನಿಮ್ಮ ಕಚೇರಿಗೆ ಕಳಿಸಿದ್ದೇನೆ. ಅದರ ಹಿಂದಿನ ಕತೆ ನಮ್ಮವರಿಗೂ ಗೊತ್ತಾಗಲಿ ಅಂತ ಇದನ್ನು ಕನ್ನಡದಲ್ಲಿ ಬರೆಯುತ್ತಿದ್ದೇನೆ. ಯಾಕಂದ್ರೆ ಕನ್ನಡ ಕೂಟದಲ್ಲಿ ಊಟಕ್ಕೆ ನಿಂತಾಗೆಲ್ಲ ಯಾರಾದರೂ ಒಬ್ಬರು ಕೇಳೇ ಕೇಳುತ್ತಾರೆ: "ಅದು ಮೇಜರ್ ಲೀಗ್ ಅಲ್ವಲ್ಲ ಮಾರಾಯ್ರೇ, ಎರಡನೇ ದರ್ಜೆ ಟೀಮ್ ನೋಡೋಕೆ ಅಷ್ಟು ದೂರ ಹೋಗ್ತೀರಾ?" ಮೇಜರ್ ಲೀಗ್ ಅಂದರೆ ಇಲ್ಲಿನ ಫುಟ್‌ಬಾಲಿನ ಮೊದಲ ದರ್ಜೆ.

ಟೀಮ್ ಯಾವುದು ಅಂತ ನಿಮಗೆ ಬಿಡಿಸಿ ಹೇಳಬೇಕಿಲ್ಲ. ಡೆಟ್ರಾಯಿಟ್ ಸಿಟಿ ಎಫ್‌ಸಿ, ಫುಟ್‌ಬಾಲ್ ಕ್ಲಬ್. ನಿಮ್ಮ ಕಚೇರಿ ಇರುವ ಕೋಲ್‌ಮನ್ ಯಂಗ್ ಕಟ್ಟಡದ ಮುಂದೆ ಹಸಿರುಗಟ್ಟಿದ ದೊಡ್ಡ ಕಂಚಿನ ಪ್ರತಿಮೆ ಕೂತಿದೆಯಲ್ಲ, 'ಸ್ಪಿರಿಟ್ ಆಫ್ ಡೆಟ್ರಾಯಿಟ್', ಇವರ ಲಾಂಛನದಲ್ಲಿ ಇರುವುದು ಅದೇ. ನೀವು ದಿನಾ ಕೆಲಸಕ್ಕೆ ಹೋಗುವಾಗ ಈ ಟೀಮಿನ ಮುಂದೆಯೇ ಹಾದುಹೋಗುತ್ತೀರಿ ಅನ್ನಬಹುದು.

2010ರಲ್ಲಿ ಇದು ಟೀಮೂ ಆಗಿರಲಿಲ್ಲ. ಡೆಟ್ರಾಯಿಟ್‌ನ ಬಡಾವಣೆ ಬಡಾವಣೆಗಳ ನಡುವೆ ಸಂಜೆ ಹೊತ್ತು ಆಡುವ ಒಂದು ಹವ್ಯಾಸಿ ಲೀಗ್ ಶುರುವಾಗಿತ್ತು. ಅಕ್ಕಪಕ್ಕದವರು ಒಬ್ಬರನ್ನೊಬ್ಬರು ಪರಿಚಯ ಮಾಡಿಕೊಳ್ಳಲಿ ಅನ್ನುವುದೇ ಅದರ ಉದ್ದೇಶ. ಅಲ್ಲಿ ಓಡಾಡಿಕೊಂಡಿದ್ದ ಐದು ಜನ ಗೆಳೆಯರು 2012ರಲ್ಲಿ ಕ್ಲಬ್ ಕಟ್ಟಿದರು. ಐವರಲ್ಲಿ ಒಬ್ಬರೂ ಕೋಟ್ಯಧಿಪತಿಯಲ್ಲ. ಕ್ಯಾಸ್ ಟೆಕ್ ಹೈಸ್ಕೂಲಿನ ಮೈದಾನ, ಬೇಸಿಗೆ ರಜೆಗೆ ಬಂದ ಕಾಲೇಜು ಹುಡುಗರು, ಸಂಬಳವಿಲ್ಲದ ನಾಲ್ಕನೇ ಹಂತದ ಆಟ. ಅದಕ್ಕೇ ಸಾವಿರ ಜನ ಸೇರಿದರು. ಮುಂದಿನ ವರ್ಷ, 2013ರ ಜುಲೈನಲ್ಲಿ, ಊರೇ ದಿವಾಳಿ ಅರ್ಜಿ ಹಾಕಿತು. 1950ರಲ್ಲಿ ಹದಿನೆಂಟು ಲಕ್ಷಕ್ಕೂ ಜಾಸ್ತಿ ಜನ ಇದ್ದ ಊರಿನಲ್ಲಿ ಆಗ ಏಳು ಲಕ್ಷವೂ ಉಳಿದಿರಲಿಲ್ಲ. ಬೀದಿ ದೀಪ ಉರಿಯದ ಆ ವರ್ಷವೇ ನೀವು 26ನೇ ವಯಸ್ಸಿಗೆ ಕೌನ್ಸಿಲ್‌ಗೆ ಗೆದ್ದಿರಿ. ಆ ದಿನಗಳು ಹೇಗಿದ್ದವು ಅಂತ ನಾನು ನಿಮಗೆ ಹೇಳಹೊರಟರೆ ಅಜ್ಜಿಗೆ ಕೆಮ್ಮು ಕಲಿಸಿದಂತಾಗುತ್ತದೆ.

ಆ ಹೊತ್ತಿನಲ್ಲಿ ಈ ಕ್ಲಬ್ ಬೆಳೆಯುತ್ತಾ ಹೋಯಿತು. ಶಾಲೆಯ ಮೈದಾನ ಸಾಲದೆ ಜನ ಬಾಗಿಲಿಂದ ವಾಪಸು ಹೋಗುವ ಹಾಗಾಯಿತು. ಆಗ ಇವರ ಕಣ್ಣು ಬಿದ್ದಿದ್ದು ಹ್ಯಾಮ್‌ಟ್ರಾಮಿಕ್‌ನ ಕೀವರ್ತ್ ಸ್ಟೇಡಿಯಂ ಮೇಲೆ. ನಮ್ಮವರಿಗಾಗಿ ಹೇಳುತ್ತೇನೆ: ಹ್ಯಾಮ್‌ಟ್ರಾಮಿಕ್ ಅಂದರೆ ಹೆಚ್ಚುಕಮ್ಮಿ ಸುತ್ತಲೂ ಡೆಟ್ರಾಯಿಟ್, ನಡುವೆ ಎರಡು ಚದರ ಮೈಲಿಯ ಬೇರೆಯದೇ ಊರು. ಕೀವರ್ತ್ 1936ರದ್ದು. ಮಹಾ ಆರ್ಥಿಕ ಕುಸಿತದ ಕಾಲದಲ್ಲಿ ನಿರುದ್ಯೋಗಿಗಳಿಗೆ ಕೆಲಸ ಕೊಡಲು ಸರ್ಕಾರ ಕಟ್ಟಿಸಿದ್ದು, ಅಧ್ಯಕ್ಷ ರೂಸ್‌ವೆಲ್ಟ್ ಅವರೇ ಬಂದು ಉದ್ಘಾಟಿಸಿದ್ದು. ಶಾಲಾ ಜಿಲ್ಲೆಯ ಆಸ್ತಿ. ಎಂಬತ್ತು ವರ್ಷದಲ್ಲಿ ದೊಡ್ಡ ರಿಪೇರಿ ಬೇಕಾದ ಸ್ಥಿತಿಗೆ ಬಂದಿತ್ತು.

ರಿಪೇರಿಗೆ ದುಡ್ಡು ಎಲ್ಲಿಂದ? ಬ್ಯಾಂಕಿಗೆ ಹೋಗಲಿಲ್ಲ, ನಿಮ್ಮ ಹಿಂದಿನ ಮೇಯರ್ ಹತ್ತಿರವೂ ಕೈಚಾಚಲಿಲ್ಲ. ನೋಡಲು ಬರುವವರನ್ನೇ ಕೇಳಿದರು. 527 ಜನ ಸೇರಿ 7,41,250 ಡಾಲರ್ ಕೊಟ್ಟರು. ದಾನ ಅಲ್ಲ, ಸಾಲ. ಗಳಿಕೆ ಬಂದ ಹಾಗೆ ತೀರಿಸುವ ಕೈಸಾಲ ಅನ್ನಿ. 2016ರ ಮೊದಲ ಪಂದ್ಯಕ್ಕೆ ಏಳು ಸಾವಿರಕ್ಕೂ ಜಾಸ್ತಿ ಜನ ಬಂದರು. ನೆನಪಿರಲಿ, ಆಗಲೂ ಮೈದಾನದಲ್ಲಿ ಇದ್ದವರು ಸಂಬಳವಿಲ್ಲದ ಹುಡುಗರೇ.

ನಾನು ಹೋಗಲು ಶುರು ಮಾಡಿದ್ದು ಅದರ ಮುಂದಿನ ವರ್ಷ. ಕಾರು ದೂರ ನಿಲ್ಲಿಸಿ ನಡೆಯುತ್ತಾ ಹೊರಟರೆ, ಬಾಂಗ್ಲಾದೇಶದವರ ಮನೆಗಳ ಹಿತ್ತಲಲ್ಲಿ ಸೋರೆಕಾಯಿ ಚಪ್ಪರ. ಒಂದು ಕಡೆ ಪೋಲೆಂಡಿನವರು ಕಟ್ಟಿದ ಸೇಂಟ್ ಫ್ಲೋರಿಯನ್ ಚರ್ಚಿನ ಗೋಪುರ, ಇನ್ನೊಂದು ಕಡೆಯಿಂದ ಆಜಾನ್. ಯೆಮನಿನವರ ಕಾಫಿ ಅಂಗಡಿ. ಇವೆಲ್ಲದರ ನಡುವೆ ಡೋಲು ಬಡಿಯುತ್ತಾ ಮೆರವಣಿಗೆ ಬರುತ್ತದೆ. ಅವರು ನಾರ್ದರ್ನ್ ಗಾರ್ಡ್, ಟೀಮಿನ ಕಟ್ಟಾ ಬೆಂಬಲಿಗರು. ಗೋಲು ಬಿದ್ದರೆ ಸಾಕು, ಬಣ್ಣದ ಹೊಗೆ ಬಿಟ್ಟು ಮೈದಾನವೇ ಕಾಣದಂತೆ ಮಾಡುತ್ತಾರೆ. ಬೆಂಗಳೂರಿಂದ ಬಂದಿದ್ದ ಅಮ್ಮನನ್ನು ಒಂದು ಸಲ ಕರೆದುಕೊಂಡು ಹೋಗಿದ್ದೆ. ಹೊಗೆ ನೋಡಿ, "ಇದೇನೋ, ದೃಷ್ಟಿ ತೆಗೀತಿದ್ದಾರಾ?" ಅಂದರು. ಆಮೇಲೆ, "ಅಷ್ಟು ಜೋರಾಗಿ ಏನು ಕೂಗ್ತಿದ್ದಾರೆ?" ಅಂದರು. ಅದು ಎದುರಾಳಿ ಗೋಲ್‌ಕೀಪರನ ಮನೆತನದ ಬಗ್ಗೆ ಅಪ್ಪಟ ಬೈಗುಳ. "ಹುರಿದುಂಬಿಸ್ತಿದ್ದಾರೆ ಅಮ್ಮ" ಅಂದೆ.

ಈಗ ಕೂಟದ ಗೆಳೆಯರ ಪ್ರಶ್ನೆಗೆ ಬರುತ್ತೇನೆ. ಎರಡನೇ ದರ್ಜೆ ಅಂದರೆ ಏನು? ಇಂಗ್ಲೆಂಡಿನಲ್ಲಾದರೆ ಗೆದ್ದ ತಂಡಕ್ಕೆ ಬಡ್ತಿ, ಸೋತದ್ದಕ್ಕೆ ಹಿಂಬಡ್ತಿ. ಅಮೆರಿಕದ ಮೇಜರ್ ಲೀಗಿನಲ್ಲಿ ಅದಿಲ್ಲ. ಅದು ನಮ್ಮ ಕಡೆಯ ಪೇಮೆಂಟ್ ಸೀಟಿನ ಹಾಗೆ. ಎಷ್ಟು ಗೆದ್ದರೂ ಒಳಗೆ ಬಿಡುವುದಿಲ್ಲ, ದುಡ್ಡು ಕಟ್ಟಿದರೆ ಗೆಲ್ಲದೆಯೂ ಒಳಗೆ ಕೂರಬಹುದು. ಶಾರ್ಲಟ್‌ನವರು ಒಂದು ಸೀಟಿಗೆ 32.5 ಕೋಟಿ ಡಾಲರ್ ಕೊಟ್ಟರು, ಸ್ಯಾನ್ ಡಿಯೇಗೋದವರು 50 ಕೋಟಿ. ಡೆಟ್ರಾಯಿಟ್‌ಗೂ ಅಂಥ ಸೀಟು ಕೊಡಿಸಲು ಇಬ್ಬರು ಶ್ರೀಮಂತರು, ಡ್ಯಾನ್ ಗಿಲ್ಬರ್ಟ್ ಮತ್ತು ಟಾಮ್ ಗೋರ್ಸ್, 2016ರಲ್ಲಿ ಹೊರಟಿದ್ದರು. ಕೊನೆಯ ನಾಲ್ಕು ಊರುಗಳ ಪಟ್ಟಿಯವರೆಗೂ ಹೋಗಿ ಅದು ಅಲ್ಲೇ ನಿಂತಿತು. ನಿಜ ಹೇಳಬೇಕೆಂದರೆ ಕೀವರ್ತ್‌ಗೆ ಬರುತ್ತಿದ್ದ ಬಹಳ ಜನಕ್ಕೆ ಅದರಿಂದ ಸಮಾಧಾನವೇ ಆಯಿತು. ನನಗೂ ಆಯಿತು.

ಇವರು ಮಾತ್ರ ಮೆಟ್ಟಿಲು ಹತ್ತಿಕೊಂಡೇ ಬಂದರು. 2020ರಲ್ಲಿ ವೃತ್ತಿಪರ ತಂಡವಾಗಿ ಮೂರನೇ ಹಂತದ ನೀಸಾ ಲೀಗಿಗೆ ಸೇರಿ, ಅಲ್ಲಿ ಪ್ರಶಸ್ತಿಗಳನ್ನು ಗೆದ್ದರು. ಅದೇ ವರ್ಷ ಕೊರೊನಾ. ಗ್ಯಾಲರಿ ಖಾಲಿ, ಗಳಿಕೆ ಸೊನ್ನೆ. ಕ್ಲಬ್‌ನ ಹತ್ತನೇ ಒಂದು ಪಾಲನ್ನು ಬೆಂಬಲಿಗರಿಗೇ ಮಾರಲು ಇಟ್ಟರು. ಎರಡೂವರೆ ಸಾವಿರಕ್ಕೂ ಹೆಚ್ಚು ಜನ ಸೇರಿ ಹತ್ತು ಲಕ್ಷ ಡಾಲರಿಗೂ ಮೀರಿ ಹಾಕಿದರು. ಆ ಗುಂಪಿನಲ್ಲಿ ನಾನೂ ಒಬ್ಬ. ನನ್ನ ಪಾಲು ಎಷ್ಟು ಅಂದರೆ, ಗೋಲು ಬಲೆಯ ಒಂದು ಗಂಟು ನನ್ನದಿರಬಹುದು. ಹೆಂಡತಿ ಇವತ್ತಿಗೂ "ಸುಮ್ನೆ ಆ ದುಡ್ಡಲ್ಲಿ ಒಂದು ಮಿಕ್ಸಿ ಬರ್ತಿತ್ತು" ಅನ್ನುತ್ತಾಳೆ. 2022ಕ್ಕೆ ಎರಡನೇ ಹಂತದ ಯುಎಸ್‌ಎಲ್ ಚಾಂಪಿಯನ್‌ಶಿಪ್. ಆ ಏಪ್ರಿಲ್‌ನಲ್ಲಿ, ಬೇರೆಬೇರೆ ದರ್ಜೆಯ ತಂಡಗಳು ಸೇರಿ ಆಡುವ ಯುಎಸ್ ಓಪನ್ ಕಪ್‌ನಲ್ಲಿ, ಕೊಲಂಬಸ್ ಕ್ರೂ ಕೀವರ್ತ್‌ಗೆ ಬಂತು. 2020ರಲ್ಲಿ ಮೇಜರ್ ಲೀಗ್ ಗೆದ್ದ ತಂಡ ಅದು. 2-1ರಲ್ಲಿ ಸೋತು ವಾಪಸು ಹೋಯಿತು. ಆ ರಾತ್ರಿ ಗ್ಯಾಲರಿಯಲ್ಲಿ ಗುರುತೇ ಇಲ್ಲದ ಒಬ್ಬ ಮುದುಕ ನನ್ನನ್ನು ತಬ್ಬಿಕೊಂಡು ಅತ್ತ. ಎರಡನೇ ದರ್ಜೆ ಅಂತ ಯಾರಾದರೂ ಅಂದರೆ ನನಗೆ ಆ ಮುದುಕ ನೆನಪಾಗುತ್ತಾನೆ.

ಇಷ್ಟೆಲ್ಲ ಯಾಕೆ ಹೇಳಿದೆ ಅಂದರೆ, ಈಗ ಈ ಟೀಮ್ ನಿಮ್ಮ ಊರಿಗೆ ಬರುತ್ತಿದೆ. ಮಿಷಿಗನ್ ಅವೆನ್ಯೂ ಮತ್ತು 20ನೇ ಬೀದಿಯ ಹತ್ತಿರ ಹಳೆಯ ಸೌತ್‌ವೆಸ್ಟ್ ಡೆಟ್ರಾಯಿಟ್ ಆಸ್ಪತ್ರೆ ವರ್ಷಗಟ್ಟಲೆ ಹಾಳುಬಿದ್ದಿತ್ತು. ಆ ಜಾಗ ಕೊಂಡಿದ್ದಾರೆ. ಸುಮಾರು 15 ಸಾವಿರ ಜನ ಕೂರುವ ಸ್ವಂತ ಸ್ಟೇಡಿಯಂ, 2027ಕ್ಕೆ ತೆರೆಯುವ ಗುರಿ. 15 ಸಾವಿರ ಸುಮ್ಮನೆ ಆರಿಸಿದ ಸಂಖ್ಯೆಯಲ್ಲ. ಮೊದಲ ದರ್ಜೆಯಲ್ಲಿ ಆಡಲು ಅಷ್ಟು ಸೀಟು ಇರಲೇಬೇಕು ಅಂತ ಅಮೆರಿಕದ ಫುಟ್‌ಬಾಲ್ ಸಂಸ್ಥೆಯ ನಿಯಮ. ಇವರು ಈಗ ಆಡುವ ಲೀಗ್ ನಡೆಸುವ ಯುಎಸ್‌ಎಲ್ ಸಂಸ್ಥೆ ತನ್ನದೇ ಮೊದಲ ದರ್ಜೆಯ ಲೀಗ್ ಮಾಡುತ್ತೇನೆ, ಬಡ್ತಿ-ಹಿಂಬಡ್ತಿ ತರುತ್ತೇನೆ ಅಂತ 2025ರಲ್ಲಿ ತೀರ್ಮಾನಿಸಿದೆ. ಅಂದರೆ ಪೇಮೆಂಟ್ ಸೀಟಿಲ್ಲದೆ ಮೇಲೆ ಹೋಗುವ ದಾರಿ ಮೊದಲ ಸಲ ಕಾಣುತ್ತಿದೆ. ನನಗೆ ಖುಷಿಯೇ. ಆದರೆ ಭಯವೂ ಇದೆ.

ನಾನು ಬೆಂಗಳೂರಿನ ಆಸ್ಟಿನ್ ಟೌನ್ ಮೈದಾನದ ಪಕ್ಕ ಬೆಳೆದವನು. ಬೆಂಗಳೂರು ಎಫ್‌ಸಿ 2013ರಲ್ಲಿ ಶುರುವಾದಾಗ ಅಶೋಕನಗರದ ಹಳೆ ಫುಟ್‌ಬಾಲ್ ಸ್ಟೇಡಿಯಂನಲ್ಲಿ ಆಡುತ್ತಿತ್ತು. ಆಟಗಾರನ ಉಸಿರು ಕೇಳುವಷ್ಟು ಹತ್ತಿರ. ಮೊದಲ ವರ್ಷವೇ ಐ-ಲೀಗ್ ಗೆದ್ದಿತು. ಮರುವರ್ಷ ಕಂಠೀರವಕ್ಕೆ ಹೋಯಿತು. ಅಲ್ಲಿ ನಮಗೂ ಆಟಕ್ಕೂ ನಡುವೆ ಓಟದ ಟ್ರ್ಯಾಕು. ಜನ ಜಾಸ್ತಿ ಬಂದರು, ಸದ್ದೂ ಜಾಸ್ತಿಯಾಯಿತು. ಆದರೆ ನಡೆದುಕೊಂಡು ಬರುತ್ತಿದ್ದ ನಮ್ಮ ಕೇರಿಯ ಹುಡುಗರು ಮೆಲ್ಲಗೆ ಕಡಿಮೆಯಾದರು. ಯಾರೂ ಅವರನ್ನು ಬೇಡ ಅನ್ನಲಿಲ್ಲ. ಸುಮ್ಮನೆ ದೂರವಾಯಿತು, ಅಷ್ಟೇ.

ಹೊಸ ಸ್ಟೇಡಿಯಂನಲ್ಲಿ ಟ್ರ್ಯಾಕ್ ಇರುವುದಿಲ್ಲ ಅನ್ನುವುದು ಸರಿ. ಆದರೆ ಹ್ಯಾಮ್‌ಟ್ರಾಮಿಕ್‌ನಿಂದ ಅದು ಐದಾರು ಮೈಲಿ. ನನ್ನಂಥವನಿಗೆ ಅದು ಲೆಕ್ಕಕ್ಕಿಲ್ಲ, ಕಾರಿದೆ. ಅಪ್ಪ ರಾತ್ರಿ ಪಾಳಿಯಲ್ಲಿರುವ ಹುಡುಗನಿಗೆ ಅದು ಬೇರೆ ದೇಶ. ಹ್ಯಾಮ್‌ಟ್ರಾಮಿಕ್ ಬೇರೆ ಊರಾದರೂ ಅಲ್ಲಿ ಓಡುವ ಬಸ್ಸು ನಿಮ್ಮದು, ಡೆಟ್ರಾಯಿಟ್ ಸಾರಿಗೆ ಇಲಾಖೆಯ ಡಿ-ಡಾಟ್. ಮಿಷಿಗನ್ ಅವೆನ್ಯೂ ಮೇಲೆ ಓಡುವುದೂ ಅದೇ. ಹಾಗಾಗಿ ನನ್ನ ಮುಖ್ಯ ಬೇಡಿಕೆ ಇದು: ಪಂದ್ಯದ ದಿನ ಹ್ಯಾಮ್‌ಟ್ರಾಮಿಕ್‌ನಿಂದ ಹೊಸ ಸ್ಟೇಡಿಯಂಗೆ ನೇರ ಬಸ್ಸು ಬಿಡಿ. ಹೋಗುವಾಗ ಮಾತ್ರ ಅಲ್ಲ, ಬರುವಾಗಲೂ. ಸಂಜೆ ಏಳೂವರೆಗೆ ಶುರುವಾದ ಆಟ ಮುಗಿಯುವಾಗ ಒಂಬತ್ತೂವರೆ. ಹೆಚ್ಚುವರಿ ಸಮಯ, ಪೆನಾಲ್ಟಿ ಅಂತ ಹೋದರೆ ಹತ್ತು ದಾಟುತ್ತದೆ. ಹತ್ತೂವರೆಗೂ ಒಂದು ಬಸ್ಸು ಸ್ಟೇಡಿಯಂ ಬಾಗಿಲಲ್ಲಿ ನಿಂತಿರಬೇಕು. ವರ್ಷಕ್ಕೆ ಇಪ್ಪತ್ತು ಚಿಲ್ಲರೆ ಸಂಜೆ ಇರಬಹುದು, ಅದಕ್ಕಿಂತ ಜಾಸ್ತಿಯಿಲ್ಲ. ಟಿಕೆಟಿನಲ್ಲೇ ಬಸ್ ಚಾರ್ಜು ಸೇರಿಸಿ ಅಂತ ಕ್ಲಬ್‌ನವರ ಜೊತೆ ಕೂತು ಮಾತಾಡಿ. ಪಾಲುದಾರನಾಗಿ ನನ್ನ ಬಲೆಯ ಗಂಟಿನ ಪರವಾಗಿ ಒಪ್ಪಿಗೆ ಈಗಲೇ ಕೊಟ್ಟಿದ್ದೇನೆ.

ಬಸ್ಸಿಲ್ಲದಿದ್ದರೆ ಏನಾಗುತ್ತದೆ ಅಂತ ನಿಮ್ಮ ಊರಲ್ಲೇ ನೋಡಬಹುದು. 2017ರಲ್ಲಿ ತೆರೆದ, ಹಾಕಿ-ಬ್ಯಾಸ್ಕೆಟ್‌ಬಾಲ್ ನಡೆಯುವ ಲಿಟ್ಲ್ ಸೀಸರ್ಸ್ ಅರೀನಾಗೆ ಸಾರ್ವಜನಿಕರ ದುಡ್ಡು ಸುಮಾರು 32 ಕೋಟಿ ಡಾಲರ್ ಹೋಯಿತು. ಸುತ್ತ ಐದು ಹೊಸ ಬಡಾವಣೆ ಏಳುತ್ತವೆ ಅಂದಿದ್ದರು. ಇವತ್ತು ಅಲ್ಲಿ ಕಣ್ಣಿಗೆ ಬೀಳುವುದು ಜಾಸ್ತಿ ಪಾರ್ಕಿಂಗ್ ಜಾಗವೇ. ಹಾಕಿ ಪಂದ್ಯದ ದಿನ ಡೌನ್‌ಟೌನಿನ ಒಂದು ಖಾಸಗಿ ಲಾಟ್‌ನಲ್ಲಿ ನಾನು ಐವತ್ತು ಡಾಲರ್ ಕೊಟ್ಟು ಕಾರು ನಿಲ್ಲಿಸಿದ್ದೇನೆ. ಮಿಷಿಗನ್ ಅವೆನ್ಯೂ ಸುತ್ತ ಇನ್ನೂ ಮನೆಗಳಿವೆ, ಜನರಿದ್ದಾರೆ. ಒಂದೊಂದೇ ಮನೆ ಕೊಂಡು ಕೆಡವಿ ಟಾರು ಬಳಿಯಲು ಯಾರಾದರೂ ಅರ್ಜಿ ತಂದರೆ ದಯವಿಟ್ಟು ಸಹಿ ಹಾಕಬೇಡಿ.

ತೆರಿಗೆ ವಿನಾಯಿತಿಯ ಬಗ್ಗೆ ಒಂದೇ ಮಾತು. ಏಳೂವರೆ ಕೋಟಿ ಡಾಲರ್ ದಾಟಿದ ಯೋಜನೆಗೆ ಊರಿನ ನೆರವು ಬೇಕಾದರೆ, ಅಕ್ಕಪಕ್ಕದ ನಿವಾಸಿಗಳ ಜೊತೆ ಕೂತು ಅವರಿಗೇನು ಕೊಡುತ್ತೀರಿ ಅಂತ ಹೇಳಬೇಕು ಅನ್ನುವ ಕಾನೂನನ್ನು ಡೆಟ್ರಾಯಿಟ್‌ನ ಮತದಾರರೇ 2016ರಲ್ಲಿ ಪಾಸು ಮಾಡಿದ್ದಾರೆ. ನಾನು ಕ್ಲಬ್‌ನ ಬೆಂಬಲಿಗ, ಪಾಲುದಾರ. ಆದರೂ ಹೇಳುತ್ತೇನೆ, ನಮ್ಮವರೇ ಅಂತ ಸಡಿಲ ಬಿಡಬೇಡಿ. ಒಂದಷ್ಟು ಸೀಟು ಕೀವರ್ತ್‌ನ ದರದಲ್ಲೇ ಉಳಿಯಬೇಕು, ಅದು ಬಾಯಿಮಾತಲ್ಲ, ಕಾಗದದ ಮೇಲೆ ಇರಬೇಕು. 527 ಜನರ ಹತ್ತಿರ ಸಾಲ ಪಡೆದು ಬೆಳೆದ ಕ್ಲಬ್‌ಗೆ ಕಾಗದದ ಬೆಲೆ ಗೊತ್ತಿದೆ.

ಕೀವರ್ತ್ ಪಕ್ಕದ ಬೀದಿಯಲ್ಲಿ ಹನ್ನೊಂದು ವರ್ಷದ ಒಬ್ಬ ಹುಡುಗ ಇದ್ದಾನೆ. ಅವನ ತಾಯಿ ಒಮ್ಮೆ ಬೇಲಿಯಾಚೆಯಿಂದಲೇ ನಮಗೆ ಎರಡು ಸೋರೆಕಾಯಿ ಕಿತ್ತುಕೊಟ್ಟಿದ್ದರು. ಹುಡುಗ ಶಾಲೆಯ ತಂಡದಲ್ಲಿ ಎಡಗಡೆ ಆಡುತ್ತಾನೆ, ಪಂದ್ಯಕ್ಕೆ ನಡೆದುಕೊಂಡು ಬರುತ್ತಾನೆ. ಹೋದ ಸೀಸನ್ನಿನಲ್ಲಿ ಕೇಳಿದ: "ಅಂಕಲ್, ಹೊಸ ಸ್ಟೇಡಿಯಂಗೆ ನಾನು ಹೇಗೆ ಬರೋದು?" "ಕಾರಲ್ಲಿ ಕರೆದುಕೊಂಡು ಹೋಗ್ತೀನಿ" ಅಂದೆ. "ನನ್ನ ಫ್ರೆಂಡ್ಸ್ ಏಳು ಜನ ಇದ್ದಾರೆ" ಅಂದ.

ನಿಮ್ಮ ಸಾರಿಗೆ ಇಲಾಖೆಯಿಂದ ಉತ್ತರ ಬಂದ ದಿನ ಅವನಿಗೆ ಹೇಳುತ್ತೇನೆ.

ಇಂತಿ,
ಫಾರ್ಮಿಂಗ್ಟನ್ ಹಿಲ್ಸ್‌ನಿಂದ ಒಬ್ಬ ಕನ್ನಡಿಗ